ಎಲ್ಲರೂ ಬೆತ್ತಲೆ ಇರುವ ಕಡೆ ಹೋದರೆ ಮೈ ಬಗೆಗಿನ ಕೀಳರಿಮೆ ಹೋಗುತ್ತಾ?

ನೇಚರಿಸಂ, ಅಂದರೆ ಬಟ್ಟೆ ಇಲ್ಲದೆ ಎಲ್ಲರೂ ಒಟ್ಟಿಗೆ ಇರುವ ರೂಢಿ, ಮೈ ಬಗೆಗಿನ ಕೀಳರಿಮೆ ಕಡಿಮೆ ಮಾಡುತ್ತೆ ಅಂತಾರೆ, ನಾಲ್ಕು ಜನರ ಮುಂದೆ ಬಟ್ಟೆ ಬಿಚ್ಚಿದರೆ ಅದು ಇನ್ನೂ ಜಾಸ್ತಿಯಾಗಲ್ವಾ ಅಂತ ಕೇಳಿದ್ದೀರಿ. ನಾನು ಜರ್ಮನಿಯಲ್ಲಿದ್ದೇನೆ, ಇಲ್ಲಿ ಕಂಡದ್ದನ್ನೇ ಹೇಳುತ್ತೇನೆ.

ಇಲ್ಲಿ ಇದನ್ನು ಎಫ್‌ಕೆಕೆ ಅನ್ನುತ್ತಾರೆ, ‘ಮುಕ್ತ ದೇಹ ಸಂಸ್ಕೃತಿ’ ಅನ್ನುವ ಜರ್ಮನ್ ಪದದ ಚಿಕ್ಕ ರೂಪ. ನೂರು ವರ್ಷಕ್ಕೂ ಹಳೆಯ ರೂಢಿ. ಪೂರ್ವ ಜರ್ಮನಿ ಇದ್ದ ಕಾಲದಲ್ಲಿ ಬಾಲ್ಟಿಕ್ ಕಡಲತೀರಕ್ಕೆ ಮನೆಮಂದಿಯೆಲ್ಲ ಹೀಗೇ ಹೋಗುತ್ತಿದ್ದರು. ಈಗ ಹೆಚ್ಚು ಕಾಣುವುದು ಸೌನಾದಲ್ಲಿ, ಅಂದರೆ ಬೆವರು ಸುರಿಸಲು ಕೂರುವ ಬಿಸಿ ಕೋಣೆಯಲ್ಲಿ. ಹೆಂಗಸರು, ಗಂಡಸರು ಒಟ್ಟಿಗೇ ಕೂರುತ್ತಾರೆ. ಈಜುಡುಗೆ ಹಾಕಿಕೊಂಡು ಹೋದರೆ ಬೈಸಿಕೊಳ್ಳುವುದೇ ಜಾಸ್ತಿ! ಬೆವರು ಮರದ ಬೆಂಚಿಗೆ ತಾಗದ ಹಾಗೆ ಟವೆಲ್ ಹಾಸಿಕೊಳ್ಳಬೇಕು. ಫೋನ್ ಒಳಗೆ ತರುವಂತಿಲ್ಲ.

ನನಗೆ ಹೊಟ್ಟೆಯ ಮೇಲೆ ಸಿಸೇರಿಯನ್ ಗುರುತಿದೆ. ಊರಿಗೆ ಬಂದಾಗಲೆಲ್ಲ ಮದುವೆ ಮನೆಯಲ್ಲಿ ಕೇಳುವ ಮೊದಲ ಮಾತೇ "ಏನೇ, ಇಷ್ಟು ದಪ್ಪ ಆಗಿದ್ದೀಯ?" ಸೌನಾದಲ್ಲಿ ಎದುರಿಗೆ ಕೂತಿದ್ದ ಅಜ್ಜಿಗೆ ಒಂದು ಸ್ತನ ಇರಲಿಲ್ಲ. ಆ ಜಾಗದಲ್ಲಿ ಅಡ್ಡಕ್ಕೆ ಹೊಲಿಗೆ ಗುರುತು. ಅವರು ಪಕ್ಕದವರ ಹತ್ತಿರ ತಮ್ಮ ಮಂಡಿ ನೋವಿನ ಕಥೆ ಹೇಳುತ್ತಿದ್ದರು. ಜೋತ ಹೊಟ್ಟೆ, ಉಬ್ಬಿದ ನರ, ಕಲೆ ಬಿದ್ದ ತೊಡೆ, ಎಲ್ಲರದ್ದೂ ಒಂದೊಂದು ಥರ. ಅಲ್ಲಿಯವರೆಗೆ ಬಟ್ಟೆ ಇಲ್ಲದ ಮೈ ಅಂತ ನಾನು ನೋಡಿದ್ದೆಲ್ಲ ಜಾಹೀರಾತಿನದು, ಸಿನಿಮಾದ್ದು. ಅವುಗಳ ಪಕ್ಕ ನನ್ನ ಮೈಯನ್ನು ಇಟ್ಟು ಅಳೆಯುತ್ತಿದ್ದೆ. ನನ್ನ ಮಟ್ಟಿಗೆ ಕೆಲಸ ಮಾಡಿದ್ದು ನನ್ನನ್ನು ತೋರಿಸಿಕೊಂಡಿದ್ದಲ್ಲ, ಸಾಮಾನ್ಯ ಜನರ ಮೈ ನೋಡಿದ್ದು.

ಇದರ ಬಗ್ಗೆ ಅಧ್ಯಯನವೂ ಆಗಿದೆ. ಲಂಡನ್ನಿನ ಗೋಲ್ಡ್‌ಸ್ಮಿತ್ಸ್ ವಿಶ್ವವಿದ್ಯಾಲಯದ ಮನಶ್ಶಾಸ್ತ್ರಜ್ಞ ಕಿಯಾನ್ ವೆಸ್ಟ್ ಬ್ರಿಟನ್ನಿನ 849 ಜನರನ್ನು ಕೇಳಿ ನೋಡಿದರು. ಇಂಥ ಕಡೆ ಹೆಚ್ಚು ಹೋಗುವವರಿಗೆ ತಮ್ಮ ಮೈ ಬಗ್ಗೆಯೂ ಬದುಕಿನ ಬಗ್ಗೆಯೂ ಹೆಚ್ಚು ಸಮಾಧಾನ ಇತ್ತು. ಮೊದಲೇ ಧೈರ್ಯ ಇದ್ದವರು ಮಾತ್ರ ಹೋಗ್ತಾರೇನೋ ಅಂತ ನೀವು ಕೇಳಬಹುದು, ಸರಿಯಾದ ಪ್ರಶ್ನೆಯೇ. ಅದಕ್ಕೇ ಅವರು ಆಮೇಲೆ ಚೀಟಿ ಎತ್ತಿದ ಹಾಗೆ ಜನರನ್ನು ಎರಡು ಗುಂಪು ಮಾಡಿ, ಒಂದು ಗುಂಪನ್ನು ಮಾತ್ರ ಬಟ್ಟೆ ಇಲ್ಲದೆ ಬೆರೆಯಲು ಬಿಟ್ಟರು. ಆ ಗುಂಪಿನವರಿಗೆ ತಮ್ಮ ಮೈ ಹೆಚ್ಚು ಮೆಚ್ಚುಗೆಯಾಯಿತು. ಬೇರೆಯವರು ಏನಂದುಕೊಳ್ತಾರೋ ಅನ್ನುವ ಅಳುಕು ಇಳಿದದ್ದೇ ಕಾರಣ ಅಂತ ಕಂಡಿತು.

ಭಾರತದಲ್ಲಿ ಸಾರ್ವಜನಿಕ ಜಾಗದಲ್ಲಿ ಹೀಗೆ ಮಾಡಿದರೆ ಕೇಸ್ ಆಗುತ್ತೆ, ಅಲ್ಲಿ ಬೇಡ. ಊಟ ಬಿಡುವಷ್ಟು ಮೈ ಬಗ್ಗೆ ಬೇಸರ ಇದ್ದರೆ ಮೊದಲು ಡಾಕ್ಟರ್ ಹತ್ತಿರ ಹೋಗಿ. ಈ ಕಡೆ ಬಂದಾಗ ನೋಡಬೇಕು ಅನ್ನಿಸಿದರೆ, ನೀವು ಹೆಂಗಸರಾದರೆ ಮಹಿಳೆಯರ ದಿನ ಇರುವ ಸೌನಾದಿಂದ ಶುರು ಮಾಡಿ. ದೊಡ್ಡ ಟವೆಲ್ ತನ್ನಿ. ಸುತ್ತಿಕೊಂಡೇ ಕೂತರೂ ಸಾಮಾನ್ಯವಾಗಿ ಯಾರೂ ಏನೂ ಅನ್ನಲ್ಲ.