ಸಂಪಾದಕರ ಉತ್ತರ: ಇತಿಹಾಸಕಾರನಿಗೆ ಕೋರ್ಟಿನಲ್ಲೇನು ಕೆಲಸ?

ಮಾನ್ಯರೇ,

ಕಳೆದ ಸಂಚಿಕೆಯಲ್ಲಿ ಅಮೆರಿಕದ ಇತಿಹಾಸಕಾರ ಸ್ಟ್ಯಾನ್ಲಿ ಕಟ್ಲರ್ ಕುರಿತು ಬಂದ ಲೇಖನ ಓದಿ ನೀವು ಎರಡು ತಕರಾರು ಎತ್ತಿದ್ದೀರಿ. ಇತಿಹಾಸದ ಮೇಷ್ಟರು ಪಾಠ, ಪುಸ್ತಕ ಬಿಟ್ಟು ಸರ್ಕಾರದ ಮೇಲೆ ದಾವೆ ಹೂಡಿದರೆ ಅದು ಯಾವ ಸೀಮೆಯ ವಿದ್ವತ್ತು ಎಂಬುದು ಒಂದು. ಅಮೆರಿಕದ ಅಧ್ಯಕ್ಷರಾಗಿದ್ದ ನಿಕ್ಸನ್ ಆಡಿದ ಮಾತೆಲ್ಲ ಟೇಪಿನಲ್ಲೇ ಇರುವಾಗ ಕೇಳಿ ಬರೆದುಕೊಳ್ಳುವುದರಲ್ಲಿ ಹೆಚ್ಚುಗಾರಿಕೆ ಏನು ಎಂಬುದು ಇನ್ನೊಂದು. ಮೊದಲನೆಯದನ್ನು ನಾವು ಒಪ್ಪುವುದಿಲ್ಲ. ಎರಡನೆಯದಕ್ಕೆ ಉತ್ತರ ಸ್ವಲ್ಪ ಉದ್ದ.

ಕಟ್ಲರ್ 1964ರಿಂದ ಮೂರು ದಶಕ ವಿಸ್ಕಾನ್ಸಿನ್ ವಿಶ್ವವಿದ್ಯಾಲಯದಲ್ಲಿ ಕಲಿಸಿದವರು. ಅವರ ಮೂಲ ವಿಷಯವೇ ಸಂವಿಧಾನ ಮತ್ತು ನ್ಯಾಯಾಲಯಗಳ ಇತಿಹಾಸ. ಮೊದಲ ಪುಸ್ತಕಗಳು 19ನೇ ಶತಮಾನದ ಬಗ್ಗೆ. 20ನೇ ಶತಮಾನದ ರಾಜಕೀಯಕ್ಕೆ ಅವರು ಬಂದದ್ದು ನಡುವಯಸ್ಸಿನಲ್ಲಿ. 1990ರಲ್ಲಿ, ನಿಕ್ಸನ್ ರಾಜೀನಾಮೆಗೆ ಕಾರಣವಾದ ವಾಟರ್‌ಗೇಟ್ ಹಗರಣದ ಕುರಿತ ಅವರ ದಪ್ಪ ಗ್ರಂಥ ಹೊರಬಂದಾಗಲೂ ಟೇಪುಗಳ ಬಹುಪಾಲಿಗೆ ಬೀಗ ಬಿದ್ದಿತ್ತು. 1971ರ ಫೆಬ್ರವರಿಯಿಂದ 1973ರ ಜುಲೈವರೆಗೆ ಶ್ವೇತಭವನದಲ್ಲಿ ದಾಖಲಾದದ್ದು ಸುಮಾರು 3,700 ಗಂಟೆ. 1990ರ ದಶಕದ ನಡುವಿನವರೆಗೂ ಸಾರ್ವಜನಿಕರಿಗೆ ಸಿಕ್ಕಿದ್ದು ಸುಮಾರು 60 ಗಂಟೆ.

ಕಾನೂನು ಇರಲಿಲ್ಲ ಎಂದಲ್ಲ. ನಿಕ್ಸನ್ ಸತ್ತ ಮೇಲೆ ಟೇಪುಗಳನ್ನು ನಾಶಮಾಡಬೇಕೆಂಬ ಷರತ್ತಿನ ಒಪ್ಪಂದವೊಂದು 1974ರಲ್ಲಿ ಆಗಿತ್ತು. ಅಮೆರಿಕದ ಸಂಸತ್ತು ಅದೇ ವರ್ಷ ಕಾಯ್ದೆ ತಂದು ಎಲ್ಲವನ್ನೂ ಸರ್ಕಾರದ ವಶಕ್ಕೆ ತೆಗೆದುಕೊಂಡಿತು. ಅಧಿಕಾರ ದುರುಪಯೋಗದ ಭಾಗ ಆದಷ್ಟು ಬೇಗ ಜನರಿಗೆ ಸಿಗಬೇಕು ಎಂದೂ ಬರೆಯಿತು. ದೇವರು ವರ ಕೊಟ್ಟರೂ ಪೂಜಾರಿ ಕೊಡಲಿಲ್ಲ. ನಿಕ್ಸನ್ ಪರ ವಕೀಲರ ಆಕ್ಷೇಪಣೆಗಳ ನಡುವೆ ವರ್ಷಗಳು ಉರುಳಿದವು. 1992ರಲ್ಲಿ ಕಟ್ಲರ್, ಪಬ್ಲಿಕ್ ಸಿಟಿಜನ್ ಎಂಬ ಸಾರ್ವಜನಿಕ ಹಿತಾಸಕ್ತಿ ಸಂಸ್ಥೆಯ ಜೊತೆ ಸೇರಿ, ಟೇಪುಗಳನ್ನು ಇಟ್ಟುಕೊಂಡಿದ್ದ ರಾಷ್ಟ್ರೀಯ ಪತ್ರಾಗಾರದ ಮೇಲೆ ದಾವೆ ಹೂಡಿದರು. ನಿಕ್ಸನ್ 1994ರಲ್ಲಿ ತೀರಿಕೊಂಡರು, 1996ರಲ್ಲಿ ರಾಜಿಯಾಯಿತು. ಆ ನವೆಂಬರಿನಲ್ಲಿ 201 ಗಂಟೆಗಳ ಟೇಪು ಹೊರಬಂತು. ಮುಂದೆ ಕಂತುಕಂತಾಗಿ ಬಂದದ್ದೂ ಸೇರಿ ಸುಮಾರು 3,000 ಗಂಟೆ ಈಗ ಯಾರು ಬೇಕಾದರೂ ಕೇಳಬಹುದು. ಆಕರವೇ ಬೀಗದೊಳಗಿದ್ದರೆ ಬೀಗ ತೆಗೆಸುವುದೂ ಇತಿಹಾಸಕಾರನ ಕೆಲಸವೇ.

ಇನ್ನು ಕೇಳಿ ಬರೆದುಕೊಳ್ಳುವ ವಿಚಾರ. ಅಧ್ಯಕ್ಷರ ಕಚೇರಿಯಾದ ಓವಲ್ ಆಫೀಸಿನಲ್ಲಿ ಏಳು ಮೈಕುಗಳಿದ್ದವು: ಐದು ಮೇಜಿನೊಳಗೆ, ಎರಡು ಅಗ್ಗಿಷ್ಟಿಕೆಯ ಬಳಿ. ಹಾಗಾಗಿ ಮೇಜಿನ ಮೇಲೆ ಕಪ್ಪು ಇಟ್ಟ ಸದ್ದು ಸಿಡಿಲಿನಂತೆ ಕೇಳಿಸಿದರೆ, ದೂರದ ಸೋಫಾದಲ್ಲಿ ಕೂತವರ ಮಾತು ಬರೀ ಗುಸುಗುಸು. ಟೇಪು ಬಲು ತೆಳು. ಓಡುತ್ತಿದ್ದ ವೇಗವೋ, ಸೆಕೆಂಡಿಗೆ ಒಂದು ಅಂಗುಲಕ್ಕಿಂತ ಕಡಿಮೆ. ಉಳಿತಾಯವಾಯಿತು, ದನಿ ಕೆಟ್ಟಿತು. ಮಾತು ಶುರುವಾದಾಗಲೇ ಯಂತ್ರ ತಾನಾಗಿ ಚಾಲೂ ಆಗುತ್ತಿದ್ದರಿಂದ ಮೊದಲ ಒಂದೆರಡು ಪದ ನುಂಗಿಹೋಗಿರುವುದುಂಟು. ಪಕ್ಕದ ಕಟ್ಟಡದಲ್ಲಿದ್ದ ನಿಕ್ಸನ್ ಖಾಸಗಿ ಕಚೇರಿಯ ಟೇಪುಗಳಂತೂ ಇನ್ನೂ ಅಧ್ವಾನ. ಇಂಥ ಒಂದು ಗಂಟೆಯನ್ನು ನೆಟ್ಟಗೆ ಬರಹಕ್ಕಿಳಿಸಲು ಹತ್ತಾರು ಗಂಟೆ ಬೇಕು. ಅದಕ್ಕೇ ಪತ್ರಾಗಾರ ಪೂರ್ಣ ಬರಹ ಮಾಡಿಕೊಡುವುದಿಲ್ಲ. ಯಾರು ಬಂದರು, ಯಾವ ವಿಷಯ ಎತ್ತಿದರು ಎಂಬ ಪಟ್ಟಿಯಷ್ಟೇ ಸಿಗುತ್ತದೆ. ಮಾತನ್ನು ಕಿವಿಯಿಂದಲೇ ಹೆಕ್ಕಬೇಕು.

ಪ್ರತಿ ಸಂಭಾಷಣೆಗೂ ಒಂದು ಸಂಖ್ಯೆ ಇರುತ್ತದೆ. 741-2 ಅಂದರೆ 741ನೇ ಟೇಪಿನ ಎರಡನೇ ಸಂಭಾಷಣೆ, 1972ರ ಜೂನ್ 23ರದು, ನಿಕ್ಸನ್ ಕುರ್ಚಿಗೇ ಕುತ್ತು ತಂದದ್ದು. ಈ ಸಂಖ್ಯೆಯನ್ನು ಅಧ್ಯಕ್ಷರ ದಿನಚರಿಯ ಜೊತೆ ತಾಳೆ ನೋಡಿ ಯಾರು, ಎಷ್ಟು ಗಂಟೆಗೆ, ಎದುರಿಗೋ ಫೋನಿನಲ್ಲೋ ಎಂದು ಖಚಿತ ಮಾಡಿಕೊಂಡೇ ಮುಂದೆ ಹೋಗಬೇಕು.

ಇಲ್ಲೇ ಕಟ್ಲರ್ ಎಡವಿದ್ದು. ನಮ್ಮ ಲೇಖನದಲ್ಲಿ ಇದನ್ನು ಬಿಟ್ಟದ್ದು ತಪ್ಪಾಯಿತು. 1973ರ ಮಾರ್ಚ್ 16ರಂದು ನಿಕ್ಸನ್ ಮತ್ತು ಶ್ವೇತಭವನದ ವಕೀಲ ಜಾನ್ ಡೀನ್ ಬೆಳಿಗ್ಗೆ ಎದುರುಬದುರು ಕೂತು ಮಾತಾಡಿದ್ದರು, ಸಂಜೆ ಫೋನಿನಲ್ಲಿ. ಕಟ್ಲರ್ 1997ರಲ್ಲಿ ಪ್ರಕಟಿಸಿದ ಸಂಪುಟದಲ್ಲಿ ಇವೆರಡೂ ಬೆಸೆದುಕೊಂಡು ಒಂದೇ ಮಾತುಕತೆಯಾಗಿಬಿಟ್ಟಿವೆ, ಅದೂ ಸಂಜೆಯದು ಮೊದಲು. ಹಗರಣ ಮುಚ್ಚಿಹಾಕುವುದರಲ್ಲಿ ಡೀನ್ ಪಾತ್ರವನ್ನು ಹಗುರ ಮಾಡಲೆಂದೇ ಹೀಗೆ ಮಾಡಿದ್ದಾರೆಂದು 2009ರಲ್ಲಿ ಕೆಲವರು ಆರೋಪಿಸಿದರು. ಉದ್ದೇಶಪೂರ್ವಕ ಎಂಬುದನ್ನು ಕಟ್ಲರ್ ಅಲ್ಲಗಳೆದರು. ನಮಗೂ ಅದು ಕೈತಪ್ಪೆಂದೇ ತೋರುತ್ತದೆ. ಆದರೆ ಆ ಸಂಪುಟದಿಂದ ಉದ್ಧರಿಸುವವರು ಮೂಲ ಟೇಪು ಕೇಳದೆ ಉದ್ಧರಿಸಬಾರದು.

ಕೋರ್ಟಿನ ದಾರಿ ಅವರಿಗೆ ಮತ್ತೊಮ್ಮೆ ಫಲ ಕೊಟ್ಟಿತು. 1975ರ ಜೂನಿನಲ್ಲಿ ಗ್ರ್ಯಾಂಡ್ ಜ್ಯೂರಿ (ಆರೋಪ ಹೊರಿಸಬೇಕೇ ಎಂದು ಗುಟ್ಟಾಗಿ ವಿಚಾರಿಸುವ ನಾಗರಿಕರ ಮಂಡಳಿ) ಮುಂದೆ ನಿಕ್ಸನ್ ಹೇಳಿದ ಸಾಕ್ಷ್ಯ ಅವರ ಅರ್ಜಿಯ ಮೇರೆಗೆ 2011ರಲ್ಲಿ ಬಯಲಾಯಿತು. ಈಗಿನವರಿಗೆ ಈ ದಾರಿ ಇಲ್ಲ. ಕಾನೂನಿನಲ್ಲಿ ಪಟ್ಟಿ ಮಾಡಿದ ಕಾರಣಗಳ ಹೊರಗೆ ಇಂಥ ಸಾಕ್ಷ್ಯ ಬಿಡುಗಡೆ ಮಾಡುವ ಅಧಿಕಾರ ನ್ಯಾಯಾಧೀಶರಿಗಿಲ್ಲ ಎಂದು ವಾಷಿಂಗ್ಟನ್ನಿನ ಮೇಲ್ಮನವಿ ನ್ಯಾಯಾಲಯ 2019ರಲ್ಲಿ ಹೇಳಿತು. ಕಟ್ಲರ್ 2015ರಲ್ಲೇ ತೀರಿಕೊಂಡಿದ್ದರು.

ಎರಡನೇ ತಕರಾರು ಇನ್ನೂ ಉಳಿದಿದ್ದರೆ ಹೀಗೆ ಮಾಡಿ. ನಿಕ್ಸನ್ ಗ್ರಂಥಾಲಯದ ಜಾಲತಾಣದಲ್ಲಿ 1971ರ ನವೆಂಬರ್ 5ರ ಬೆಳಗಿನ ಟೇಪು ಹುಡುಕಿ. ಹಿಂದಿನ ದಿನ ಇಂದಿರಾ ಗಾಂಧಿಯವರನ್ನು ಭೇಟಿಯಾದ ಬಗ್ಗೆ ನಿಕ್ಸನ್ ಮತ್ತು ಅವರ ಭದ್ರತಾ ಸಲಹೆಗಾರ ಕಿಸಿಂಜರ್ ಆಡಿಕೊಂಡ ಮಾತು ಅದರಲ್ಲಿದೆ. ಹೆಡ್‌ಫೋನ್ ಹಾಕಿಕೊಂಡು ಐದು ನಿಮಿಷದಷ್ಟು ಬರೆದುಕೊಳ್ಳಿ. ಆಮೇಲೆ ಅಮೆರಿಕದ ವಿದೇಶಾಂಗ ಇಲಾಖೆ 2005ರಲ್ಲಿ ಪ್ರಕಟಿಸಿದ ಪ್ರತಿಯ ಪಕ್ಕದಲ್ಲಿಟ್ಟು, ಎಲ್ಲೆಲ್ಲಿ ಹೊಂದಲಿಲ್ಲ ಎಂದು ನಮಗೆ ಬರೆದು ಕಳಿಸಿ.

— ಸಂ.