ಜಲಪಾತದ ಚಾರಣಕ್ಕೆ ಸಿದ್ಧತೆ ಹೇಗೆ?

ಪ್ರಶ್ನೆ: ದಸರಾ ರಜೆಯಲ್ಲಿ ಗೈಡ್ ಜೊತೆ ಕೊಡಚಾದ್ರಿ ಕಾಡಿನ ಹಿಡ್ಲುಮನೆ ಜಲಪಾತಕ್ಕೆ ಹೊರಟಿದ್ದೇವೆ. 11 ವರ್ಷದ ಮಗಳಿಗೆ ಇಂಬಳದ (ಕಾಡಿನ ಜಿಗಣೆ) ಭಯ. ಏನು ಸಿದ್ಧತೆ ಬೇಕು?
– ಓದುಗರು, ಮೈಸೂರು

ಉತ್ತರ: ಇಂಬಳ ಇದ್ದೇ ಇರುತ್ತದೆ, ಆದರೆ ಅಪಾಯಕಾರಿಯಲ್ಲ. ಒತ್ತು ನೇಯ್ಗೆಯ ಇಂಬಳದ ಕಾಲುಚೀಲವನ್ನು ಪ್ಯಾಂಟಿನ ಮೇಲೆ ಮಂಡಿವರೆಗೆ ಎಳೆದು ಕಟ್ಟಿ. ಕಚ್ಚಿಕೊಂಡರೆ ಉಪ್ಪು, ಬೆಂಕಿ ಬೇಡ. ಇಂಬಳ ಹೊಟ್ಟೆಯಲ್ಲಿದ್ದುದನ್ನು ಗಾಯದೊಳಗೇ ಕಕ್ಕಿ ನಂಜಾಗಬಹುದು. ಸಪೂರ ತುದಿಯಲ್ಲಿರುವ ಬಾಯಿಯ ಪಕ್ಕ ಉಗುರು ತೂರಿಸಿ ಬಿಡಿಸಿ, ತೊಳೆದು ಒತ್ತಿಹಿಡಿಯಿರಿ. ರಕ್ತ ಹೆಪ್ಪುಗಟ್ಟದಂತೆ ತಡೆಯುವ ರಸವನ್ನು ಅದು ಬಿಡುವುದರಿಂದ ಸ್ವಲ್ಪ ಹೊತ್ತು ಸೋರುತ್ತದೆ, ಗಾಬರಿ ಬೇಡ.

ನಿಜವಾಗಿ ಹೆದರಬೇಕಾದ್ದು ನೀರಿಗೆ. ಕಾಡಿನ ಹಳ್ಳ ನಮ್ಮ ವರುಣಾ ನಾಲೆಯಂತಲ್ಲ. ಮೇಲೆಲ್ಲೋ ಮಳೆ ಸುರಿದರೆ ನೀವು ನಿಂತಲ್ಲಿ ಬಿಸಿಲಿದ್ದರೂ ಏರುತ್ತದೆ. ನೀರು ಕೆಂಪಾದರೆ, ಎಲೆಕಡ್ಡಿ ತೇಲಿಬಂದರೆ, ಸದ್ದು ಹೆಚ್ಚಿದರೆ ಆ ಕ್ಷಣವೇ ಎತ್ತರದ ದಡ ಸೇರಿ. ಗೈಡ್ ‘ಇವತ್ತು ಬೇಡ’ ಎಂದರೆ ದಯವಿಟ್ಟು ಒತ್ತಾಯಿಸಬೇಡಿ.

ಪಾಚಿಗಟ್ಟಿದ ಬಂಡೆಯಲ್ಲಿ ಸವೆದ ಅಡಿಯ ಶೂ ಜಾರುತ್ತದೆ; ಆಳ ಗೆರೆಯ ರಬ್ಬರ್ ಅಡಿಯದು ಬೇಕು. ಹೊರಡುವ ಮುಂಚಿನ ವಾರಗಳಲ್ಲಿ ಚಾಮುಂಡಿಬೆಟ್ಟದ ಮೆಟ್ಟಿಲು ಹತ್ತಿ, ನಡೆದೇ ಇಳಿಯಿರಿ. ಮಂಡಿ ಸೋಲುವುದು ಇಳಿಯುವಾಗಲೇ. ಅರಣ್ಯ ಇಲಾಖೆಯ ಅನುಮತಿಯನ್ನು ಮೊದಲೇ ವಿಚಾರಿಸಿ.