ಕ್ರಯಪತ್ರದಲ್ಲಿರೋ ಸಹಿ ನಮ್ಮಪ್ಪಂದಲ್ಲ ಅಂತ ನೇರವಾಗಿ ಹೈಕೋರ್ಟಲ್ಲಿ ರಿಟ್ ಹಾಕಬಹುದಾ?

ಹಾಕೋದೇನೋ ಹಾಕಬಹುದು, ಆದ್ರೆ ಬಹುತೇಕ "ಸಿವಿಲ್ ಕೋರ್ಟಿಗೆ ಹೋಗಿ" ಅಂತ ವಾಪಸ್ ಕಳಿಸ್ತಾರೆ. ಯಾಕಂದ್ರೆ ಸಂವಿಧಾನದ 226ನೇ ವಿಧಿಯ ರಿಟ್ (ಹೈಕೋರ್ಟಿಗೆ ನೇರವಾಗಿ ಹಾಕೋ ಅರ್ಜಿ) ಸಾಮಾನ್ಯವಾಗಿ ನಡೆಯೋದು ಅಫಿಡವಿಟ್ ಮೇಲೆ, ಅಂದ್ರೆ ಪ್ರಮಾಣ ಮಾಡಿ ಬರೆದುಕೊಟ್ಟ ಹೇಳಿಕೆ ಮೇಲೆ, ನೀವು ಸಹಿ ಖೋಟಾ ಅಂತೀರಿ, ಎದುರಿನವರು ನಮ್ಮ ಮುಂದೆನೇ ಹಾಕಿದ್ದು ಅಂತಾರೆ, ಎರಡೂ ಪ್ರಮಾಣ ಮಾಡಿದ ಕಾಗದಾನೇ, ಇದ್ರಲ್ಲಿ ಯಾರು ಸುಳ್ಳು ಅಂತ ಗೊತ್ತಾಗ್ಬೇಕಂದ್ರೆ ಸಾಕ್ಷಿದಾರರನ್ನ ಕಟಕಟೆಗೆ ಕರೆಸಿ ಪಾಟೀಸವಾಲು ಮಾಡ್ಬೇಕು, ಸಹಿನ ತಜ್ಞರಿಗೆ ಕಳಿಸ್ಬೇಕು. ಆ ಕೆಲಸಕ್ಕೆ ಇರೋದೇ ಸಿವಿಲ್ ಕೋರ್ಟು.

ಹಾಗಂತ ಎದುರಿನವರು "ವಿವಾದ ಇದೆ" ಅಂದ ತಕ್ಷಣ ಹೈಕೋರ್ಟಿನ ಕೈ ಕಟ್ಟಿ ಹೋಗಲ್ಲ. 2003ರ ಎಬಿಎಲ್ ಇಂಟರ್‌ನ್ಯಾಷನಲ್ ಕೇಸಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದ್ದು, ಸಂಗತಿಗಳ ಬಗ್ಗೆ ತಕರಾರಿದ್ರೂ ಸೂಕ್ತ ಪ್ರಕರಣದಲ್ಲಿ ರಿಟ್ ವಿಚಾರಣೆ ಮಾಡಬಹುದು, ಅಂದ್ರೆ ಇದು ಅಧಿಕಾರ ಇಲ್ಲ ಅನ್ನೋ ಮಾತಲ್ಲ, ಕೋರ್ಟಿನ ವಿವೇಚನೆ. ಅಧಿಕಾರಿ ನೋಟಿಸೇ ಕೊಡದೆ ನಿಮ್ಮ ಆಸ್ತಿ ಖಾತೆ ಬದಲಾಯಿಸಿದ್ರೆ ಕಥೆನೇ ಬೇರೆ, ಅಲ್ಲಿ ಫೈಲ್ ತರಿಸಿ ನೋಡಿದ್ರೆ ಸಾಕು. ಒಂದಿಷ್ಟೂ ಸಾಕ್ಷ್ಯ ಇಲ್ದೆ ಟ್ರಿಬ್ಯುನಲ್ ತೀರ್ಮಾನಕ್ಕೆ ಬಂದಿದ್ರೂ ಅಷ್ಟೇ, ಅದನ್ನ ಕಾನೂನಿನ ತಪ್ಪು ಅಂತಾನೇ ನೋಡ್ತಾರೆ. ಆದ್ರೆ ಇದ್ದ ಸಾಕ್ಷ್ಯ ಸಾಲದು, ಇನ್ನೊಂದ್ಸಲ ತೂಗಿ ನೋಡಿ ಅಂದ್ರೆ ಕೇಳಲ್ಲ, ರಿಟ್ ಅಂದ್ರೆ ಅಪೀಲಲ್ಲ.

ಈಗಾಗ್ಲೇ ರಿಟ್ ಹಾಕಿಬಿಟ್ಟಿದ್ರೆ ವಜಾ ಆದೇಶದಲ್ಲಿ ದಾವೆ ಹೂಡೋಕೆ ಅವಕಾಶ ಬರೆಸ್ಕೊಳ್ಳಿ. ಪ್ರಾಮಾಣಿಕವಾಗಿ ನಡೆಸಿದ್ರೆ, ರಿಟ್‌ನಲ್ಲಿ ಕಳೆದ ಟೈಮನ್ನ ಕಾಲಮಿತಿ ಕಾಯ್ದೆಯ ಸೆಕ್ಷನ್ 14ರ ಪ್ರಕಾರ ದಾವೆ ಹೂಡೋ ಗಡುವಿನಿಂದ ಬಿಟ್ಟು ಲೆಕ್ಕ ಹಾಕಿ ಅಂತ ಕೇಳಬಹುದು.